ಇನ್ನೂರಾ ಮೂರನೇ ರೂಮಿನ ತಾಟು

ಬಿಲ್ಲು ನೋಡಿದ ಕೂಡಲೇ ವತ್ಸಲಾಬಾಯಿಯ ಮುಖಕ್ಕೆ ಒಂದು ಕಳೆ ಬಂತು. ಅದು ಸಿಟ್ಟಿನ ಕಳೆ ಎಂದು ಯಾರಾದರೂ ತಿಳಿದರೆ ಅವರಿಗೆ ವತ್ಸಲಾಬಾಯಿ ಗೊತ್ತೇ ಇಲ್ಲ ಎನ್ನಬೇಕು. ಆಳಂದದ ಖಜಾನೆ ಕಚೇರಿಯಲ್ಲಿ ಮೂವತ್ತಮೂರು ವರ್ಷ ಬಿಲ್ಲುಗಳನ್ನೇ ಜಾಲಾಡಿ, ಎರಡು ವರ್ಷದ ಹಿಂದೆ ನಿವೃತ್ತಿಯಾದ ಹೆಂಗಸು ಆಕೆ. ಒಂದಾದರೂ ಆಕ್ಷೇಪಣೆ ಬರೆಯದೆ ಆಕೆ ಬಿಲ್ಲು ಪಾಸು ಮಾಡಿದ್ದನ್ನು ಕಂಡವರಿಲ್ಲ. ಏನೂ ತಪ್ಪು ಸಿಗದಿದ್ದರೆ 'ಶಾಯಿ ಮಸುಕಾಗಿದೆ' ಎಂದಾದರೂ ಬರೆದು ವಾಪಸು ಕಳಿಸುತ್ತಿದ್ದಳು. ನಿವೃತ್ತಿಯ ಮೇಲೆ ಕೈಗೆ ಸಿಕ್ಕದ್ದೆಂದರೆ ಕಿರಾಣಿ ಚೀಟಿ, ಕರೆಂಟ್ ಬಿಲ್ಲು. ಅವುಗಳಲ್ಲಿ ಜಗಳಕ್ಕೆ ಏನು ರುಚಿ ಇರುತ್ತದೆ ಹೇಳಿ? ಈಗ ನೋಡಿ, ಜೇವರ್ಗಿಯ ಈ ಹೊಸ ಹೋಟೆಲಿನವರು ತಾವಾಗಿಯೇ ಆಕೆಯ ಬಾಯಿಗೆ ಬೆಲ್ಲದ ಉಂಡೆ ಇಟ್ಟಿದ್ದರು.

"ಫುಡ್ ಆ್ಯಂಡ್ ಬೆವರೇಜ್, ಒಂದು ಸಾವಿರದ ಏಳನೂರಾ ನಲವತ್ತು!" ಎಂದು ಆಕೆ ಗಟ್ಟಿಯಾಗಿ ಓದಿದಳು. "ಏನಪಾ ಇದು?"

ಕೌಂಟರಿನ ಹಿಂದಿದ್ದ ಮ್ಯಾನೇಜರ್ ತುಷಾರ, ಇನ್ನೂ ಮೂವತ್ತು ದಾಟದ ಹುಡುಗ, ಟೈ ಸರಿಮಾಡಿಕೊಂಡು ನಕ್ಕ. "ರೂಮಿಗೆ ಹೋದ ಊಟದ್ದು ಆಂಟಿ. ರೂಮ್ ಬಾಡಿಗಿ ನಂದಕಿಶೋರ ಸರ್ ಕೊಟ್ಟಾರ. ಊಟ-ತಿಂಡಿ ಗೆಸ್ಟ್‌ದು."

ನಂದಕಿಶೋರ ವತ್ಸಲಾಬಾಯಿಯ ತಮ್ಮ. ಅವನ ಮಗಳು ಮಂಜರಿಯ ಮದುವೆಗೆಂದೇ ಆಕೆ, ನಾದಿನಿ ವಿಜಯಶ್ರೀಯನ್ನು ಕಟ್ಟಿಕೊಂಡು, ಮೂರು ದಿನದ ಹಿಂದೆ ಇಲ್ಲಿಗೆ ಬಂದಿದ್ದಳು. ಜೀವಮಾನದಲ್ಲಿ ಹೋಟೆಲಿನ ರೂಮಿನಲ್ಲಿ ಉಳಿದದ್ದು ಇದೇ ಮೊದಲು. ಮಧ್ಯಾಹ್ನದ ಊಟ ಮದುವೆ ಮಂಟಪದಲ್ಲಿ, ಉಳಿದದ್ದಕ್ಕೆ ಮನೆಯಿಂದ ಕಟ್ಟಿ ತಂದ ನಾಲ್ಕು ಡಬ್ಬಿ ಬುತ್ತಿ. ಹೋಟೆಲಿನವರಿಗೆ ಒಂದು ಕಪ್ ಚಹಾ ಕೂಡ ಹೇಳಿದ್ದಿಲ್ಲ.

"ವೈನಿ, ಕೊಟ್ಟು ಹೋಗೂಣು ನಡೀರಿ," ಎಂದು ವಿಜಯಶ್ರೀ ಪಿಸುಗುಟ್ಟಿದಳು. "ಹನ್ನೊಂದರ ಬಸ್ಸು ತಪ್ತದ. ಮತ್ತ ಅಫಜಲಪುರದ ಬೀಗರು ಅಲ್ಲೇ ಕುಂತಾರ, ನೋಡಾಕತ್ತಾರ."

ಹೌದು, ಗಂಡಿನ ಕಡೆಯ ಐದಾರು ಮಂದಿ ಸೋಫಾದ ಮೇಲೆ ಚಹಾ ಕುಡಿಯುತ್ತ ಕುಳಿತಿದ್ದರು. ನೋಡಲಿ! ನೋಡುವವರಿದ್ದರೆ ವತ್ಸಲಾಬಾಯಿಗೆ ಇನ್ನೊಂದು ಹಿಡಿ ಹುರುಪು.

"ತುಷಾರಪ್ಪಾ, ಮೊತ್ತ ಹೇಳಿದ್ರ ಬಿಲ್ ಆಗಂಗಿಲ್ಲ," ಎಂದಳು, ಕನ್ನಡಕ ಏರಿಸಿಕೊಂಡು. "ಯಾವ ದಿನ, ಎಷ್ಟು ಗಂಟೆಗೆ, ಏನು ಕೊಟ್ಟಿ, ಯಾರು ಹೇಳಿದ್ರು, ಯಾರು ಸಹಿ ಮಾಡ್ಯಾರ, ಅಷ್ಟೂ ತೋರ್ಸು. ಆರ್ಡರ್ ಚೀಟಿ ತಗೀ."

ತುಷಾರ ಒಂಬತ್ತು ಚೀಟಿ ತಂದು ಕೌಂಟರಿನ ಮೇಲೆ ಇಟ್ಟ. ಎಲ್ಲದರ ಮೇಲೂ ೨೦೩ ಎಂದು ರೂಮಿನ ನಂಬರು. ಗೆಸ್ಟಿನ ಸಹಿ ಮಾಡಬೇಕಾದ ಜಾಗ ಒಂಬತ್ತರಲ್ಲೂ ಬೋಳು. ವತ್ಸಲಾಬಾಯಿಯ ಎದೆ ಮದುವೆಯ ಹಲಗೆಯಂತೆ ಬಡಿದುಕೊಂಡಿತು. ಸಹಿ ಇಲ್ಲದ ಬಿಲ್ಲು! ಮೂವತ್ತಮೂರು ವರ್ಷದಲ್ಲಿ ಇಂಥ ಬಿಲ್ಲುಗಳನ್ನು ಎಷ್ಟು ಮೂಲೆಗೆ ಎಸೆದಿಲ್ಲ ಆಕೆ!

"ಸಹಿ ಎಲ್ಲದಪಾ? ಹ್ಞಾಂ? ನಾವು ಬೆಲ್ ಒತ್ತಿಲ್ಲ, ಫೋನ್ ಎತ್ತಿಲ್ಲ. ಆರ್ಡರ್ ಇಲ್ಲದ ಮಾಲಿಗೆ ರೊಕ್ಕ ಕೊಡ್ರಿ ಅಂತ ಯಾವ ಕಾನೂನು ಹೇಳ್ತದ?"

"ಆದ್ರ ಆಂಟಿ, ತಾಟು ರೂಮಿಗೆ ಬಂದಾವಲ್ರಿ? ನೀವು ಉಂಡೀರಲ್ರಿ?"

ಆಗ ವತ್ಸಲಾಬಾಯಿ ಚೀಟಿಗಳನ್ನು ಓದಿದಳು. ಎಣ್ಣೆಗಾಯಿ ಪಲ್ಯ, ಬಿಸಿ ರೊಟ್ಟಿ ನಾಲ್ಕು. ಝುಣಕ. ಮಿರ್ಚಿ ಭಜಿ. ಸುಸಲಾ. ಕೊನೆಯ ಚೀಟಿಯಲ್ಲಿ, ಪುಠಾಣಿ ಉಂಡಿ ನಾಲ್ಕು. ಓದುತ್ತಿದ್ದಂತೆ ಆಕೆಗೆ ನಗು ಬಂತು. ಅಯ್ಯ, ಈ ತಾಟುಗಳೇ!

"ಏ ಹುಚ್ಚಾ, ಇವು ಬಿಲ್ಲಿನ ಊಟಲ್ಲೋ. ಇವು ಚಾಂದಬೀ ಪ್ರೀತಿಲೆ ಕಳಿಸಿದ್ದು. ನಿಮ್ಮ ಅಡಗಿ ಮನ್ಯಾಗಿನ ಚಾಂದಬೀ!"

ಬಾಯಿ ಬಿಟ್ಟರೆ ಬಣ್ಣಗೇಡು ಎನ್ನುವುದು ಸುಳ್ಳಲ್ಲ. ತುಷಾರನ ಮುಖದ ನಗು ಥಟ್ಟನೆ ಆರಿತು. ಬಾಗಿಲ ಹತ್ತಿರ ನಿಂತಿದ್ದ ಮಸೂದ, ಮೂರು ದಿನದಿಂದ ಆ ತಾಟುಗಳನ್ನು ಮೇಲಕ್ಕೂ ಕೆಳಕ್ಕೂ ಹೊತ್ತ ಐವತ್ತರ ಆಸಾಮಿ, "ಅಯ್ಯೋ ಬಾಯೇರ, ಯಾಕ ಹೇಳಿದ್ರೀ," ಎಂದು ತಲೆ ಮೇಲೆ ಕೈ ಇಟ್ಟುಕೊಂಡ.

ಸಂಗತಿ ನಡೆದದ್ದು ಹೀಗೆ. ಬಂದ ದಿನ ಮದುವೆಯ ಅತಿಥಿಗಳಿಗೆಂದು ಹೋಟೆಲಿನವರು ಪ್ರತಿ ರೂಮಿಗೂ ಪುಕ್ಕಟೆಯಾಗಿ ಒಂದು ತಾಟು ಭಜಿ ಕಳಿಸಿದ್ದರು. ಉಳಿದ ರೂಮಿನವರು ತಿಂದು ತಾಟನ್ನು ಬಾಗಿಲ ಹೊರಗೆ ಇಟ್ಟರು. ವತ್ಸಲಾಬಾಯಿಗೆ ಅದು ಆಗುವ ಮಾತೇ? ಒಬ್ಬರು ತಿನ್ನಲು ಕಳಿಸಿದ ತಾಟನ್ನು ಎಂಜಲು ಸಮೇತ, ಅದೂ ಖಾಲಿ, ವಾಪಸು ಕಳಿಸುವುದೆಂದರೆ! ಆಕೆ ಬಚ್ಚಲಲ್ಲಿ ತಾಟು ತಿಕ್ಕಿ ತೊಳೆದು, ಸೆರಗಿನಿಂದ ಒರೆಸಿ, ಮೇಲೆ ನಾಲ್ಕು ಶೇಂಗಾ ಹೋಳಿಗೆ ಇಟ್ಟು, "ಭಜಿ ಮಾಡಿದಾಕಿಗೆ ಕೊಡಪಾ," ಎಂದು ಮಸೂದನ ಕೈಗೆ ಕೊಟ್ಟಳು.

ಅಡುಗೆ ಮನೆಯಲ್ಲಿದ್ದಾಕೆ ಚಾಂದಬೀ, ನೆಲೋಗಿಯವಳು. ಆಕೆಯೂ ಇದೇ ಮಣ್ಣಿನಲ್ಲಿ ಬೆಳೆದವಳಲ್ಲವೇ? ಹೋಳಿಗೆ ಬಂದ ತಾಟನ್ನು ಆಕೆ ಹೇಗೆ ಸುಮ್ಮನೆ ಇಟ್ಟುಕೊಂಡಾಳು? ಎಣ್ಣೆಗಾಯಿ ಹಾಕಿ ಮೇಲಕ್ಕೆ ಕಳಿಸಿದಳು. ವತ್ಸಲಾಬಾಯಿ ಆ ತಾಟಿಗೆ ಸಜ್ಜೆ ರೊಟ್ಟಿ, ಗುರೆಳ್ಳು ಹಿಂಡಿ ಇಟ್ಟು ಕೆಳಕ್ಕೆ ಕಳಿಸಿದಳು. ಅಲ್ಲಿಂದ ಝುಣಕ ಬಂತು. ಇಲ್ಲಿಂದ ಉಂಡಿ ಹೋದವು. ಮೂರು ದಿನ ತಾಟಿಗೆ ಪುರಸೊತ್ತಿಲ್ಲ. ಇಬ್ಬರೂ ಒಬ್ಬರ ಮುಖ ಒಬ್ಬರು ನೋಡಿರಲಿಲ್ಲ, ಮಸೂದನ ಬಾಯಿಂದ ಹೆಸರು ಕೇಳಿದ್ದಷ್ಟೇ.

ಅಡುಗೆ ಮನೆಯಿಂದ ಚೀಟಿ ಇಲ್ಲದೆ ತಾಟು ಹೊರಗೆ ಬೀಳುವಂತಿಲ್ಲ ಎಂಬುದು ಹೋಟೆಲಿನ ಕಾಯಿದೆ. ಮಸೂದ ಪ್ರತಿ ಸಲ ಚೀಟಿಯ ಮೇಲೆ ೨೦೩ ಎಂದು ಬರೆದ. ಕಂಪ್ಯೂಟರಿಗೆ ಮೇಲೆ ಹೋದ ತಾಟು ಕಂಡಿತು. ಕೆಳಗೆ ಬಂದದ್ದು ಅದಕ್ಕೇನು ಗೊತ್ತು?

"ಆಂಟಿ, ಈಗ ನನ್ನ ಕೈಯಾಗಿಲ್ಲ," ಎಂದ ತುಷಾರ, ದನಿ ಇಳಿಸಿ. "ಗೆಸ್ಟ್ ಆರ್ಡರ್ ಮಾಡಿಲ್ಲ ಅಂದ್ರ ಅಡಗಿಯಾಕಿ ತಾನಾಗಿ ಮಾಲು ಹೊರಗ ಕಳಿಸಿದಂಗಾತು. ಹೋದ ತಿಂಗಳ ಇದಕ್ಕೇ ಒಬ್ಬವನ್ನ ಸಾವಕಾರ್ರು ಅವತ್ತಿಂದವತ್ತ ತಗದು ಹಾಕ್ಯಾರ."

ವತ್ಸಲಾಬಾಯಿ ಕೈಯಲ್ಲಿದ್ದ ಚೀಟಿಯನ್ನು ಕೌಂಟರಿನ ಮೇಲೆ ಹಾಕಿದಳು. ಗೆದ್ದೆ ಎಂದು ಕುಣಿಯುತ್ತಿದ್ದ ಎದೆ ಧಸಕ್ಕೆಂದಿತು.

"ಹಂಗಾರ ನಾ ರೊಕ್ಕ ಕೊಡ್ತೇನಿ. ನಾನೇ ಆರ್ಡರ್ ಮಾಡಿದ್ದು ಅಂತ ಬರ್ಕೋ!"

"ಈಗ ಹಂಗ ಬರಿಲಾಕ ಹೆಂಗ ಬರ್ತದ್ರಿ? ಇಡೀ ಹಾಲ್ ಕೇಳ್ಯಾದ. ಅಲ್ಲಿ ನೋಡ್ರಿ."

ಹೋಟೆಲಿನ ಮಾಲೀಕ ಜಗದೇವ ಸಾವಕಾರರು ಊಟದ ಹಾಲಿನ ಬಾಗಿಲಲ್ಲಿ ನಿಂತಿದ್ದರು. ಬಿಳಿ ಅಂಗಿ, ಹುರಿ ಮೀಸೆ, ಕೈಯಲ್ಲಿ ಚಹಾದ ಬಸಿ. ಎಷ್ಟು ಹೊತ್ತಿನಿಂದ ನಿಂತಿದ್ದರೋ. "ಕರೀರಿ ಆಕಿನ್ನ," ಎಂದರು.

ಚಾಂದಬೀ ಬಂದಳು. ನಲವತ್ತರ ಆಸುಪಾಸು, ತೆಳ್ಳನೆಯ ಹೆಂಗಸು, ಮೊಣಕೈವರೆಗೆ ಜೋಳದ ಹಿಟ್ಟು. ಲಾಬಿಯಲ್ಲಿ ಸೇರಿದ್ದ ಮಂದಿಯನ್ನು ನೋಡಿ ಸೆರಗು ಎಳೆದುಕೊಂಡಳು. ಕೆಲಸಕ್ಕೆ ಸೇರಿ ಎರಡೇ ತಿಂಗಳು. ಮಗಳು ಜಸ್ಮೀನ ಕಲಬುರಗಿಯಲ್ಲಿ ನರ್ಸಿಂಗ್ ಓದುತ್ತಿದ್ದುದು ಈ ಪಗಾರದ ಮೇಲೆಯೇ. ಮಸೂದ ಅದನ್ನು ವತ್ಸಲಾಬಾಯಿಗೆ ಉಂಡಿಯ ತಾಟು ಒಯ್ಯುವಾಗ ಹೇಳಿದ್ದ. ಆಗ ಕೇಳಿ "ಭೇಷ್" ಎಂದಿದ್ದಳು. ಈಗ ಆ ಮಾತು ನೆನಪಾಗಿ ನಾಲಿಗೆ ಕಚ್ಚಿಕೊಂಡಳು.

"ಏನವಾ ಚಾಂದಬೀ, ಆರ್ಡರ್ ಇಲ್ದ ಒಂಬತ್ತು ತಾಟು ಮ್ಯಾಲ ಕಳಿಸೀ?"

"ಹೌದ್ರಿ ಸಾವಕಾರ್ರ."

"ಯಾಕ?"

ಚಾಂದಬೀಗೆ ಪ್ರಶ್ನೆಯೇ ತಿಳಿಯಲಿಲ್ಲ. "ತಾಟಿನಾಗ ಹೋಳಿಗಿ ಬಂದಿದ್ವುರಿ," ಎಂದಳು. "ಖಾಲಿ ತಾಟು ಹೆಂಗ ವಾಪಸ್ ಕಳಿಸ್ಲಿರಿ? ನಿಮ್ಮ ಮನ್ಯಾಗ ಕಳಿಸ್ತಾರೇನ್ರಿ?"

ಸೋಫಾದ ಮೇಲಿನ ಬೀಗರಲ್ಲೊಬ್ಬರು, "ಖರೇ ಅದ," ಎಂದರು. ಸಾವಕಾರರು ಆ ಕಡೆ ಕಣ್ಣು ಕೆಕ್ಕರಿಸಿದರು.

"ಮನಿ ಬ್ಯಾರೆ, ಧಂದಾ ಬ್ಯಾರೆ. ಎಣ್ಣಿ ನಂದು, ಬದನಿಕಾಯಿ ನಂದು, ಗ್ಯಾಸು ನಂದು. ಪ್ರೀತಿ ಮಾತ್ರ ನಿಂದಾ? ತುಷಾರ, ಲೆಕ್ಕ ಮಾಡಿ ಕೊಟ್ಟು ಕಳಿಸಿಬಿಡು."

ಚಾಂದಬೀ ಅಳಲಿಲ್ಲ. ಕೈಯ ಹಿಟ್ಟನ್ನು ಸುಮ್ಮನೆ ಉದುರಿಸಿಕೊಳ್ಳತೊಡಗಿದಳು. ಅದನ್ನು ನೋಡಲು ವತ್ಸಲಾಬಾಯಿಯಿಂದ ಆಗಲಿಲ್ಲ. ತನ್ನ ಶಾಣ್ಯಾತನಕ್ಕೆ ಬೆಂಕಿ ಹಾಕಲಿ! ಸಹಿ ಎಲ್ಲಿ, ಆರ್ಡರ್ ಎಲ್ಲಿ ಎಂದು ಹಾರಾಡಿದ್ದು ಯಾರು? ಒಂದು ಬಿಲ್ಲು ಗೆಲ್ಲುವ ಚಟಕ್ಕೆ ಇನ್ನೊಬ್ಬಳ ಅನ್ನದ ತಾಟು ಕಸಿದ ಹಾಗಾಯಿತಲ್ಲ!

"ವೈನಿ, ಬಸ್ಸು..." ಎಂದಳು ವಿಜಯಶ್ರೀ.

"ಬಸ್ಸು ಹಾಳಾಗಿ ಹೋಗ್ಲಿ!" ವತ್ಸಲಾಬಾಯಿ ಕೌಂಟರಿನ ಮೇಲಿನ ಪೆನ್ನು ಕಸಿದುಕೊಂಡಳು. ಬಿಲ್ಲನ್ನು ಬೋರಲು ಹಾಕಿದಳು. "ಸಾವಕಾರ್ರ, ಒಂದು ಹತ್ತು ನಿಮಿಷ ಕೊಡ್ರಿ. ನೀವು ಬಿಲ್ ಕೊಟ್ರಿ. ನಾ ಒಂದು ಕೊಡ್ತೇನಿ. ಮಸೂದಣ್ಣಾ, ಬಾ ಇಲ್ಲಿ. ಇನ್ನೂರಾ ಮೂರರಿಂದ ಕೆಳಗ ಏನೇನು ಒಯ್ದಿ, ನೆನಸ್ಕೊಂಡು ಹೇಳು. ಸುಳ್ಳು ಒಂದೂ ಬ್ಯಾಡ."

ಮಸೂದನ ನೆನಪು ಕಂಪ್ಯೂಟರಿಗಿಂತ ಚೊಕ್ಕ. ಹೋಳಿಗೆ ನಾಲ್ಕು, ಆಮೇಲೆ ಆರು, ಆಮೇಲೆ ಇನ್ನೊಂದು ಸಲ ಆರು, ನಿನ್ನೆ ಎಂಟು, ಒಟ್ಟು ಇಪ್ಪತ್ತನಾಲ್ಕು ಎಂದ. ಎಳ್ಳು ಹಚ್ಚಿದ ಸಜ್ಜೆ ರೊಟ್ಟಿ ಹದಿನಾರು ಎಂದ. ಗುರೆಳ್ಳು ಹಿಂಡಿ ಐದು ಸಲ, ಬೇಸನ್ ಉಂಡಿ ಹನ್ನೆರಡು. ವತ್ಸಲಾಬಾಯಿ ಸರಸರ ಬರೆದಳು. ಈಗ ಬೀಗರು ಸೋಫಾ ಬಿಟ್ಟು ಕೌಂಟರಿನ ಸುತ್ತ ನಿಂತಿದ್ದರು.

"ತುಷಾರ, ನಿಮ್ಮ ಮೆನುದಾಗ ಹೋಳಿಗಿ ಎಷ್ಟು?"

"ಒಂದಕ್ಕ ನಲವತ್ತು ಆಂಟಿ."

"ರೊಟ್ಟಿ?"

"ಇಪ್ಪತ್ತು. ಹಿಂಡಿ ಮೂವತ್ತು, ಬೇಸನ್ ಉಂಡಿ ನಲವತ್ತು."

"ನಂದೂ ಅದೇ ರೇಟು. ಹೆಚ್ಚಿಗಿ ಒಂದು ಪೈಸಾ ಬ್ಯಾಡ." ಆಕೆ ಕೂಡಿಸಿ, ಕೆಳಗೆ ಎರಡು ಗೆರೆ ಎಳೆದಳು. "ಒಂದು ಸಾವಿರದ ಒಂಬೈನೂರಾ ಹತ್ತು. ನಿಮ್ಮದು ಒಂದು ಸಾವಿರದ ಏಳನೂರಾ ನಲವತ್ತು. ನೂರಾ ಎಪ್ಪತ್ತು ನೀವೇ ನನಗ ಕೊಡೋದು ಬರ್ತದ, ಸಾವಕಾರ್ರ!"

"ಶಹಬ್ಬಾಸ್!" ಎಂದು ಬೀಗರಲ್ಲಿ ಹಿರಿಯರು ತೊಡೆ ತಟ್ಟಿದರು. ವಿಜಯಶ್ರೀಯ ಮುಖವೂ ಅರಳಿತು, ಬಸ್ಸು ಮರೆತೇ ಹೋಯಿತು.

ಆದರೆ ಜಗದೇವ ಸಾವಕಾರರೇನು ಬೆಣ್ಣೆಯೇ, ಇಷ್ಟಕ್ಕೆ ಕರಗಲು? ಬಿಲ್ಲಿನ ಬೆನ್ನನ್ನು ನಿಧಾನವಾಗಿ ಓದಿ, ಮೀಸೆಯಲ್ಲಿ ನಕ್ಕರು. "ಬಾಯೇರ, ಲೆಕ್ಕ ಚಲೋ ಅದ. ಆದ್ರ ಇದಕ್ಕ ನನ್ನ ಸಹಿ ಎಲ್ಲದ? ಹೋಳಿಗಿ ಕಳಿಸ್ರಿ ಅಂತ ನಾ ಏನು ಆರ್ಡರ್ ಮಾಡಿದ್ನೇನ್ರಿ?"

ತನ್ನದೇ ಕೋಲು, ತನ್ನದೇ ಬೆನ್ನು! ಎದುರಾಳಿ ಶಾಣ್ಯಾ ಇದ್ದಾನೆ ಎಂದು ಗೊತ್ತಾದ ಕೂಡಲೇ ವತ್ಸಲಾಬಾಯಿಗೆ ಮತ್ತಷ್ಟು ಉಮೇದು ಬಂತು. ಒಂಬತ್ತು ಚೀಟಿಗಳನ್ನೂ ಮತ್ತೆ ಸಾಲಾಗಿ ಹಾಸಿದಳು. ಏನೋ ಇದೆ. ಮೂವತ್ತಮೂರು ವರ್ಷದ ಕಣ್ಣು ಹೇಳುತ್ತಿತ್ತು, ಏನೋ ಒಂದು ಇದೆ. ಒಂದೊಂದರ ಮೇಲೂ ಬೆರಳಾಡಿಸುತ್ತ ಹೋದಳು. ಬೆರಳು ಕೊನೆಯ ಚೀಟಿಯ ಮೇಲೆ ನಿಂತಿತು.

"ತುಷಾರ, ಪುಠಾಣಿ ಉಂಡಿ ನಿಮ್ಮ ಮೆನುದಾಗ ಅದನಪಾ?"

ತುಷಾರ ಮೆನು ತಿರುವಿದ. "ಇಲ್ರಿ. ನಾ ಸ್ವೀಟ್ ರೇಟ್ ಹಾಕೇನಿ. ನಾಕಕ್ಕ ನೂರಾ ಅರವತ್ತು."

"ಮೆನುದಾಗ ಇಲ್ಲದ ಉಂಡಿ ನಿಮ್ಮ ಅಡಗಿ ಮನಿಗೆ ಎಲ್ಲಿಂದ ಬಂತು?"

ಮಸೂದ ಕೆಮ್ಮಿದ. ಚಾಂದಬೀ ನೆಲ ನೋಡುತ್ತಲೇ ಮೆಲ್ಲಗೆ ಹೇಳಿದಳು. "ಅವು ನಾ ಮಾಡಿದ್ದಲ್ರಿ. ನಿನ್ನಿ ಮಧ್ಯಾಹ್ನ ಸಾವಕಾರ್ರ ತಾಟಿಗೆ ಬಾಯೇರ ಹೋಳಿಗಿ ಹಾಕಿದ್ನಿ. ಭಾಳ ಚಲೋ ಅದಾವ ಅಂತ ನಾಕು ಹೋಳಿಗಿ ಡಬ್ಬಿಗೆ ಹಾಕ್ಕೊಂಡು ಮನಿಗೆ ಒಯ್ದ್ರು. ಇವತ್ತ ಮುಂಜಾನಿ ಅವರ ಮನಿ ಅಮ್ಮೋರು ಡಬ್ಬಿ ವಾಪಸ್ ಕಳಿಸಿದ್ರು. ಅದರಾಗ ಉಂಡಿ ಇದ್ವು. ಹೋಳಿಗಿ ಮಾಡಿದಾಕಿಗೆ ಕೊಡು ಅಂತ ಹೇಳಿ ಕಳಿಸಿದ್ರುರಿ. ನಾ ಇನ್ನೂರಾ ಮೂರಕ್ಕ ಕಳಿಸಿದ್ನಿ."

ಅಬ್ಬಬ್ಬಾ! ವತ್ಸಲಾಬಾಯಿಗೆ ಕುಣಿಯಬೇಕೆನ್ನಿಸಿತು. ಆದರೆ ಕುಣಿಯಲಿಲ್ಲ. ಖಜಾನೆಯಲ್ಲಿ ದೊಡ್ಡ ಗಿರಾಕಿ ಸಿಕ್ಕಾಗ ಮಾಡುತ್ತಿದ್ದಂತೆ, ಕನ್ನಡಕ ತೆಗೆದು, ಒರೆಸಿ, ಮತ್ತೆ ಹಾಕಿಕೊಂಡಳು.

"ಸಾವಕಾರ್ರ, ನಿಮ್ಮ ಮನಿಯವರು ಖಾಲಿ ಡಬ್ಬಿ ಕಳಿಸಿಲ್ಲ ನೋಡ್ರಿ. ಅವರಿಗೆ ಯಾರು ಆರ್ಡರ್ ಕೊಟ್ಟಿದ್ರು? ಯಾರು ಸಹಿ ಮಾಡಿದ್ರು? ಅವರು ತಾವಾಗಿ ಕೈಲೆ ಕಟ್ಟಿ ಕಳಿಸಿದ ಉಂಡಿಗೆ ನಿಮ್ಮ ಹೋಟೆಲು ನೂರಾ ಅರವತ್ತು ರೂಪಾಯಿ ಬಿಲ್ ಮಾಡ್ಯಾದ. ಇದನ್ನ ಅವರಿಗೆ ಹೇಳೋರು ಯಾರು, ನೀವಾ, ನಾನಾ?"

ಲಾಬಿಯಲ್ಲಿ ನಗೆ ಸಿಡಿಯಿತು. ಸಾವಕಾರರು ಕೈಯ ಬಸಿಯನ್ನು ಕೌಂಟರಿನ ಮೇಲೆ ಇಟ್ಟರು. ಜೇವರ್ಗಿಯಲ್ಲಿ ಜಗದೇವ ಸಾವಕಾರರು ಯಾರಿಗೂ ಹೆದರುವವರಲ್ಲ, ಮನೆಯ ಹೊಸ್ತಿಲು ದಾಟುವ ತನಕ ಮಾತ್ರ.

"ಚಾಂದಬೀನ ತೆಗೀತೀರಿ ಅಂದ್ರ," ಎಂದಳು ವತ್ಸಲಾಬಾಯಿ, ಈಗ ದನಿ ಇಳಿಸಿ, "ಅದೇ ತಪ್ಪು ನಿಮ್ಮ ಮನಿಯವರೂ ಮಾಡ್ಯಾರ. ನಾನೂ ಮಾಡೇನಿ. ಮದ್ಲ ಆ ತಾಟು ತುಂಬಿ ಕಳಿಸಿದಾಕಿ ನಾನು. ಆಕಿ ಕೆಲಸ ಹೋದ್ರ ನನ್ನ ಬಾಯಿಂದ ಹೋದಂಗ. ಜೀವ ಇರೂತನ ನನಗ ತುತ್ತು ಇಳಿಯಂಗಿಲ್ರಿ."

ಸಾವಕಾರರು ಆ ಉಂಡಿಯ ಚೀಟಿ ಎತ್ತಿಕೊಂಡರು. "ನಮ್ಮವ್ವ," ಎಂದರು ಕೊನೆಗೆ, ಯಾರಿಗೂ ಅಲ್ಲ ಎಂಬಂತೆ, "ಏನೂ ಇಲ್ದಿದ್ರ ಒಂದು ಚಿಟಿಕಿ ಸಕ್ಕರಿ ಆದ್ರೂ ಹಾಕಿ ಕಳಿಸ್ತಿದ್ಳು." ಆಮೇಲೆ ಚಾಂದಬೀ ಕಡೆ ತಿರುಗಿದರು. "ಹೋಗವಾ, ಹಂಚಿನ ಮ್ಯಾಲ ರೊಟ್ಟಿ ಹೊತ್ತಾಕತ್ತಿರಬೇಕು."

"ನಿಲ್ರಿ!" ಎಂದಳು ವತ್ಸಲಾಬಾಯಿ. "ಬಾಯಿಮಾತು ಗಾಳಿಗೆ ಹೋಗ್ತದ. ಬರದು ಕೊಡ್ರಿ."

"ಏನ್ ಹೆಂಗಸು ಮಾರಾಯ್ತಿ," ಎಂದು ಗೊಣಗುತ್ತ ಸಾವಕಾರರು ಬಿಲ್ಲಿನ ಮೇಲೆ ಬರೆದರು: 'ರದ್ದು. ತಾಟಿಗೆ ತಾಟು ಮುಟ್ಟಿದೆ. ಚಾಂದಬೀ ತಪ್ಪಿಲ್ಲ.' ಸಹಿ ಹಾಕಿ, ಹೋಟೆಲಿನ ಶಿಕ್ಕಾ ಒತ್ತಿದರು. ನೂರಾ ಎಪ್ಪತ್ತು ರೂಪಾಯಿ ಎಣಿಸಿ ಮುಂದೆ ಇಟ್ಟರು. ವತ್ಸಲಾಬಾಯಿ ಅದನ್ನು ಅವರ ಕಡೆಗೇ ಸರಿಸಿದಳು. "ಅಮ್ಮೋರಿಗೆ ಹೂ ಒಯ್ರಿ," ಎಂದಳು.

ಹೊರಡುವ ಗಡಿಬಿಡಿಯಲ್ಲಿ ಚಾಂದಬೀ ಆಕೆಯ ಎರಡೂ ಕೈ ಹಿಡಿದುಕೊಂಡಳು. ಇಬ್ಬರ ಕೈಗೂ ಹಿಟ್ಟು ಹತ್ತಿತು. ವತ್ಸಲಾಬಾಯಿಗೆ ಕ್ಷಮಿಸು ಎನ್ನಬೇಕಿತ್ತು. ಬಾಯಿಗೆ ಬಂದದ್ದು ಕಚೇರಿಯ ಮಾತೇ. "ನೋಡಬೇ, ಇನ್ನ ಮುಂದ ಏನ್ ಹೊರಗ ಕಳಿಸಿದ್ರೂ ಚೀಟಿ ಮ್ಯಾಲ ಯಾರ ಹೆಸರು, ಯಾರ ರೊಕ್ಕ, ಬರಸು. ಸಹಿ ಹಾಕು. ಸಹಿ ಬರ್ತದಲ್ಲ?"

"ನಾಕನೇತ್ತಾ ತನಕ ಸಾಲಿಗೆ ಹೋಗೇನ್ರಿ," ಎಂದಳು ಚಾಂದಬೀ. "ಸಹಿ ಬರ್ತದ."

ಅಷ್ಟರಲ್ಲಿ ಬಸ್ಸಿನ ವೇಳೆಯಾಯಿತೆಂದು ವಿಜಯಶ್ರೀ ಎಳೆದಳು. ಬೀಗರು ಬಾಗಿಲ ತನಕ ಬಂದು ಕಳಿಸಿದರು. ಕೌಂಟರಿನ ಬಳಿ ಇಟ್ಟಿದ್ದ ಆಕೆಯ ಬುತ್ತಿ ಡಬ್ಬಿಗಳನ್ನು ಮಸೂದ ಚೀಲಕ್ಕೆ ತುಂಬಿ, ಬಸ್ಸಿನೊಳಗೆ ತಂದು, ತೊಡೆಯ ಮೇಲೆ ಇಟ್ಟು ಹೋದ.

ಬಸ್ಸು ಭೀಮೆಯ ಸೇತುವೆ ಹತ್ತುವಾಗ ವತ್ಸಲಾಬಾಯಿಗೆ ಚೀಲ ಭಾರ ಎನ್ನಿಸಿತು. ಖಾಲಿ ಡಬ್ಬಿಗೆ ಇಷ್ಟೇಕೆ ಭಾರ? ಬಾಯಿ ಬಿಚ್ಚಿ ನೋಡಿದರೆ ತನ್ನ ನಾಲ್ಕು ಡಬ್ಬಿಯ ಮೇಲೆ ಐದನೆಯದೊಂದು ಇತ್ತು. ಮುಚ್ಚಳದ ಅಂಚು ನೆಗ್ಗಿದ, ದಿನಾ ನೆಲೋಗಿಯಿಂದ ಬಸ್ಸಿನಲ್ಲಿ ಬರುವ ಒಬ್ಬ ಹೆಂಗಸಿನ ಊಟದ ಡಬ್ಬಿ. ಒಳಗೆ ಇನ್ನೂ ಬಿಸಿಯಾಗಿದ್ದ ಎಣ್ಣೆಗಾಯಿ, ಮಡಚಿದ ನಾಲ್ಕು ರೊಟ್ಟಿ.

"ವೈನಿ, ಇದರ ಬಿಲ್ ಯಾರ ಹೆಸರಿಗೆ ಹಚ್ಚಿದ್ರೋ ಏನೋ!" ಎಂದಳು ವಿಜಯಶ್ರೀ ಗಾಬರಿಯಾಗಿ.

ಮುಚ್ಚಳದ ಮೇಲೆ ಹೋಟೆಲಿನ ಆರ್ಡರ್ ಚೀಟಿಯೊಂದು ಅಂಟಿಕೊಂಡಿತ್ತು. ಎಣ್ಣೆಗಾಯಿ, ರೊಟ್ಟಿ ನಾಲ್ಕು, ನೂರಾ ಎಂಬತ್ತು, ನಗದು ಮುಟ್ಟಿದೆ ಎಂದು ತುಷಾರನ ಕೈಬರಹ. ಸಹಿಯ ಜಾಗದಲ್ಲಿ, ಮೂರನೇ ಅಕ್ಷರಕ್ಕೆ ಗೆರೆ ದಾಟಿ, ಹಿಟ್ಟಿನ ಬೆರಳಿನ ಗುರುತಿನ ಸಮೇತ, ಚಾಂದಬೀ ಎಂದು ಬರೆದಿತ್ತು.

ವತ್ಸಲಾಬಾಯಿ ಆ ಚೀಟಿಯನ್ನು ಹಿಂದೆ-ಮುಂದೆ ತಿರುಗಿಸಿ ನೋಡಿದಳು. ಕಣ್ಣು ತುಂಬಿದ್ದರಿಂದ ಕನ್ನಡಕ ಒರೆಸಿ ಮತ್ತೊಮ್ಮೆ ನೋಡಿದಳು.

"ಏನರೇ ತಪ್ಪು ಅದ ಏನ್ರಿ ವೈನಿ?"

"ಇಲ್ಲಬೇ," ಎಂದಳು ವತ್ಸಲಾಬಾಯಿ. "ಒಂದೂ ಇಲ್ಲ." ಚೀಟಿಯನ್ನು ಮಡಚಿ ಸೊಂಟದ ಚೀಲಕ್ಕೆ ಸೇರಿಸಿದಳು. ಆಮೇಲೆ ಆ ನೆಗ್ಗಿದ ಡಬ್ಬಿಯನ್ನು ತೊಡೆಯ ಮೇಲೆ ಭದ್ರವಾಗಿ ಹಿಡಿದುಕೊಂಡು, ಆಳಂದ ಮುಟ್ಟಿದ ಕೂಡಲೇ ಹೋಳಿಗೆಗೆ ಶೇಂಗಾ ಎಷ್ಟು ಸೇರು ತರಬೇಕೆಂದು ಲೆಕ್ಕ ಹಾಕತೊಡಗಿದಳು.